ನಾಲ್ಕನೆಯ ನೆರೆ ನಕ್ಷತ್ರ

ದುವ್ವಾಡ, ವಿಶಾಖಪಟ್ಟಣ
೧೨ ಜೂನ್ ೨೦೨೩

ಪ್ರೀತಿಯ ಚಂದ್ರ,

ಆಶೀರ್ವಾದ. "ಅಕ್ಕಾ, ರಿಟೈರಾದ ಮೇಲೆ ಎಲ್ಲರೂ ಭಜನೆಗೆ ಹೋಗ್ತಾರೆ, ನಿಂಗೆಂತ ನಕ್ಷತ್ರದ ಮರ್ಲು?" ಎಂದು ನಿನ್ನೆ ಫೋನಿನಲ್ಲಿ ಕೇಳಿದೆಯಲ್ಲ, ಅದಕ್ಕೆ ಉತ್ತರವನ್ನು ಕಾಗದದಲ್ಲೇ ಬರೆಯುತ್ತೇನೆ. ಫೋನಿನಲ್ಲಾದರೆ ನೀನು ನಡುವೆ ಬಾಯಿ ಹಾಕುತ್ತೀ.

ಮೂವತ್ತೊಂದು ವರ್ಷ ಆಸ್ಪತ್ರೆಯಲ್ಲಿ ಇಸಿಜಿ ತೆಗೆದವಳು ನಾನು. ಬಂದರಿನ ಹಮಾಲಿಗಳಿಂದ ಹಿಡಿದು ಕಸ್ಟಮ್ಸಿನ ಸಾಹೇಬರವರೆಗೆ ಎಷ್ಟು ಎದೆಗಳ ಗೆರೆ ನೋಡಿದ್ದೇನೋ ದೇವರಿಗೇ ಗೊತ್ತು. ಮಗಳು ಅಮೂಲ್ಯಾ ಮೊನ್ನೆ ಕಂಪ್ಯೂಟರಿನಲ್ಲಿ ತೋರಿಸಿದ್ದೂ ಒಂದು ಗೆರೆಯೇ. ಆಕಾಶದಲ್ಲಿ ತಿರುಗುತ್ತಿರುವ ದೂರದರ್ಶಕವೊಂದು ಉಂಟಂತೆ. ಅದು ಒಂದೊಂದು ನಕ್ಷತ್ರದ ಬೆಳಕನ್ನು ಇಪ್ಪತ್ತೇಳು ದಿನ ಬಿಡದೆ ಅಳೆಯುತ್ತದೆ. ಆ ಅಳತೆ ಯಾರು ಬೇಕಾದರೂ ನೋಡಬಹುದು, ಯಾರ ಅಪ್ಪಣೆಯೂ ಬೇಡ. ಅಲ್ಲಿ ಗ್ರಹವೊಂದು ಇದ್ದು, ಅದು ತನ್ನ ನಕ್ಷತ್ರಕ್ಕೂ ನಮಗೂ ನಡುವೆ ಹಾದುಹೋದರೆ ಬೆಳಕು ಒಂದು ಚೂರು ಕಡಿಮೆಯಾಗಿ, ಗೆರೆಯಲ್ಲಿ ಸಣ್ಣ ತಗ್ಗು ಬೀಳುತ್ತದೆ. ತಗ್ಗು ಸಮಾನ ಅಂತರದಲ್ಲಿ ಮತ್ತೆ ಮತ್ತೆ ಬಂದರೆ ಗ್ರಹ ಇರಬಹುದು. ಮೇಲೆ ಏರಿಳಿಯುವ ಗೆರೆ, ಕೆಳಗೆ ಗೀಟಿನ ಕಾಗದ. ಅಳೆಯಲು ನನ್ನ ಹಳೇ ಡಿವೈಡರ್. ಇನ್ನೇನು ಬೇಕು ನನಗೆ?

ಆದರೆ ಒಂದೇ ಕಣ್ಣನ್ನು ನಂಬಬಾರದು. ಆಸೆ ಹುಟ್ಟಿದ ಕಣ್ಣಿಗೆ ಇಲ್ಲದ್ದೂ ಕಾಣುತ್ತದೆ. ನೀನು ಪವರ್ ಸ್ಟೇಷನ್ನಿನ ಕಂಟ್ರೋಲ್ ರೂಮಿನಲ್ಲಿ ಇಪ್ಪತ್ತೈದು ವರ್ಷ ಗ್ರಾಫ್ ನೋಡಿದವನು. ಆದ್ದರಿಂದ ಎರಡನೆಯ ಕಣ್ಣು ನೀನು. ಒಂದೇ ಹಾಳೆಯ ಎರಡು ಪ್ರತಿ ತೆಗೆದು ಒಂದನ್ನು ನಿನಗೆ ಕಳಿಸುತ್ತೇನೆ. ಫೋನಿನಲ್ಲಿ ನಕ್ಷತ್ರದ ಸುದ್ದಿ ಎತ್ತಬಾರದು. ತಿಂಗಳ ಮೊದಲ ಸೋಮವಾರ ಇಬ್ಬರೂ ಕಂಡದ್ದನ್ನು ಬರೆದು ಅವತ್ತೇ ಅಂಚೆಗೆ ಹಾಕಬೇಕು. ಎರಡು ಕಾಗದಗಳೂ ದಾರಿಯಲ್ಲಿ ಒಂದನ್ನೊಂದು ದಾಟಿ ಹೋಗಲಿ. ಒಬ್ಬರು ಕಂಡದ್ದು ಇನ್ನೊಬ್ಬರಿಗೆ ಗೊತ್ತಿರಬಾರದು.

ಇನ್ನೊಂದು ಕೆಲಸ ನಿನಗೆ ಮಾತ್ರ. ಪ್ರತಿ ನಕ್ಷತ್ರದ ಜೊತೆ ಅದರ ಅಕ್ಕಪಕ್ಕದ ಐದು ನಕ್ಷತ್ರಗಳ ಹಾಳೆಯನ್ನೂ ಕಳಿಸುತ್ತೇನೆ. ಪಕ್ಕದ ಮನೆಯ ದೀಪ ಆರಿದರೆ ನಮ್ಮ ಅಂಗಳವೂ ಸ್ವಲ್ಪ ಕಪ್ಪಾಗುತ್ತದಲ್ಲ, ಹಾಗೆ ನೆರೆಯ ನಕ್ಷತ್ರದ ತಗ್ಗು ನಮ್ಮದರಲ್ಲಿ ಕಾಣಿಸಿಕೊಂಡು ಮೋಸ ಮಾಡುವುದುಂಟು. ಅದೇ ಹೊತ್ತಿಗೆ ನೆರೆಯಲ್ಲಿ ತಗ್ಗು ಇಲ್ಲ ಎಂದು ನೀನು ಹೇಳಿದರೆ ಮಾತ್ರ ನಾನು ನಂಬುವುದು.

ನೀರು ಚೆನ್ನಾಗಿ ಕುಡಿ. ನಿಮ್ಮ ಊರಿನ ಬಿಸಿಲಿಗೆ ಪವರ್ ಸ್ಟೇಷನ್ನಿನ ಬೂದಿ ಬೇರೆ.

ಇತಿ ಆಶೀರ್ವಾದಗಳೊಂದಿಗೆ,
ನಿನ್ನ ಅಕ್ಕ ಹೇಮಾಕ್ಷಿ

*

ಇಬ್ರಾಹಿಂಪಟ್ನಂ
೩ ಜುಲೈ ೨೦೨೩

ಪ್ರೀತಿಯ ಅಕ್ಕನಿಗೆ ಚಂದ್ರಹಾಸನ ನಮಸ್ಕಾರ.

ಹಾಳೆ ತಲುಪಿತು. ಎರಡು ಸಂಜೆ ಕೂತು ನೋಡಿದೆ. ನನ್ನ ವರದಿ: ಏನೂ ಇಲ್ಲ. ಗೆರೆ ಪೂರ್ತಿ ಸಮತಟ್ಟು, ಅಲ್ಲಲ್ಲಿ ಸಾಮಾನ್ಯ ನಡುಕ ಅಷ್ಟೆ. ಇಂಥ ಗೆರೆ ನಮ್ಮ ಕಂಟ್ರೋಲ್ ರೂಮಿನಲ್ಲಿ ಬಂದರೆ ಎಲ್ಲರೂ ಚಹಾ ಕುಡಿಯಲು ಏಳುತ್ತಾರೆ.

ಯಂತ್ರದ ಗ್ರಾಫಿಗೂ ಮನುಷ್ಯರ ಎದೆಯ ಗೆರೆಗೂ ವ್ಯತ್ಯಾಸ ಉಂಟಕ್ಕ. ಯಂತ್ರದ ಗದ್ದಲ ಯಾವುದು, ನಿಜವಾದ ಬದಲಾವಣೆ ಯಾವುದು ಎಂದು ಗುರುತಿಸಲು ಸ್ವಲ್ಪ ಇಂಜಿನಿಯರಿಂಗ್ ಬೇಕು. ನಿಧಾನಕ್ಕೆ ಹೇಳಿಕೊಡುತ್ತೇನೆ. ಅಮೂಲ್ಯಾಳಿಗೆ ನನ್ನ ನೆನಪು.

ನಿನ್ನ ತಮ್ಮ,
ಚಂದ್ರ

*

ದುವ್ವಾಡ
೭ ಆಗಸ್ಟ್ ೨೦೨೩

ಪ್ರೀತಿಯ ಚಂದ್ರ,

ಆಶೀರ್ವಾದ. ಕಳೆದ ತಿಂಗಳ ಹಾಳೆಯಲ್ಲಿ ಹನ್ನೊಂದನೇ ದಿನದ ಹತ್ತಿರ ತಗ್ಗೊಂದು ಇತ್ತಲ್ಲ, ನಾನು ಕೆಂಪು ಶಾಯಿಯಲ್ಲಿ ಸುತ್ತು ಹಾಕಿ ಕಳಿಸಿದ್ದು? ಫಣೀಂದ್ರ ಅವರಿಗೂ ತೋರಿಸಿದೆ. ಇಲ್ಲಿಯ ಕಾಲೇಜಿನಲ್ಲಿ ಭೌತಶಾಸ್ತ್ರದ ಮೇಷ್ಟ್ರು, ಒಳ್ಳೆಯ ಮನುಷ್ಯ. ತಗ್ಗು ಹೌದು, ಆದರೆ ಒಂದೇ ಸಲ ಬಂದದ್ದರಿಂದ ಪ್ರಯೋಜನವಿಲ್ಲ ಅಂದರು. ಇಂಜಿನಿಯರ್ ಸಾಹೇಬರ ಕಣ್ಣಿಗೆ ಮಾತ್ರ ಅದು ಬೀಳಲೇ ಇಲ್ಲ! ಹೇಳಿಕೊಡುತ್ತೇನೆ ಅಂದಿದ್ದೆಯಲ್ಲ, ಯಾವಾಗ ಶುರು ಮಾಡುತ್ತೀ?

ತಮಾಷೆ ಸಾಕು. ಈ ಸಲದ ಹಾಳೆಯಲ್ಲಿ ಮೂರು ತಗ್ಗು ಕಂಡಿತು ಚಂದ್ರ. ಡಿವೈಡರ್ ಇಟ್ಟು ಅಳೆದೆ. ಒಂದರಿಂದ ಇನ್ನೊಂದಕ್ಕೆ ಎಂಟು ದಿನ ಹದಿನಾಲ್ಕು ಗಂಟೆ. ಎರಡನೆಯದರಿಂದ ಮೂರನೆಯದಕ್ಕೂ ಅಷ್ಟೇ. ಅಡುಗೆಮನೆಗೆ ಹೋಗಿ ಒಂದು ಲೋಟ ನೀರು ಕುಡಿದು ಬಂದು ಮತ್ತೆ ಅಳೆದೆ. ಅಷ್ಟೇ.

ನನಗೆ ಆಸೆ ಹುಟ್ಟಿಬಿಟ್ಟಿದೆ. ಆದ್ದರಿಂದ ಇನ್ನು ನನ್ನ ಕಣ್ಣು ಲೆಕ್ಕಕ್ಕಿಲ್ಲ. ನೀನು ಏನು ಬರೆದಿದ್ದೀಯೋ ಎಂದು ಕಾಯುತ್ತಾ ಕೂತಿದ್ದೇನೆ. ಇದನ್ನು ಅಂಚೆಗೆ ಹಾಕಲು ಈಗಲೇ ಹೊರಟೆ.

ನಿನ್ನ ಅಕ್ಕ,
ಹೇಮಾಕ್ಷಿ

*

ಇಬ್ರಾಹಿಂಪಟ್ನಂ
೭ ಆಗಸ್ಟ್ ೨೦೨೩

ಪ್ರೀತಿಯ ಅಕ್ಕನಿಗೆ ನಮಸ್ಕಾರ.

ಈ ಸಲ ನನ್ನ ಕಣ್ಣಿಗೂ ಬಿತ್ತು ನೋಡು. ಮೂರು ತಗ್ಗುಗಳು. ಅಂತರ ಎಂಟು ದಿನ ಹದಿನಾಲ್ಕು ಗಂಟೆ. ನೆರೆಯ ಐದು ನಕ್ಷತ್ರಗಳ ಹಾಳೆಗಳನ್ನೂ ನೋಡಿದ್ದೇನೆ. ಎಲ್ಲವೂ ಸಮತಟ್ಟು. ನನ್ನ ಅಭಿಪ್ರಾಯದಲ್ಲಿ ಇದು ಗ್ರಹವೇ.

ಕೆಲಸ ತುಂಬಾ ಇದೆ, ಹೆಚ್ಚು ಬರೆಯಲು ಆಗುತ್ತಿಲ್ಲ.

ಚಂದ್ರ

*

ದುವ್ವಾಡ
೧೪ ಆಗಸ್ಟ್ ೨೦೨೩

ಪ್ರೀತಿಯ ಚಂದ್ರ,

ನಿನ್ನ ಕಾಗದ ಇವತ್ತು ಬಂತು. ಅಂಚೆಯವರು ಈ ಸಲ ಯಾಕೋ ತಡ ಮಾಡಿದರು. ಇರಲಿ.

ಮೂರು ತಗ್ಗು, ಅದೇ ಅಂತರ! ಓದಿ ಅಮೂಲ್ಯಾಳನ್ನು ಅಪ್ಪಿಕೊಂಡೆ. ಅವಳು ಆಫೀಸಿಗೆ ಹೊರಟು ನಿಂತಿದ್ದಳು, ಇಸ್ತ್ರಿ ಹಾಳಾಯಿತೆಂದು ಬೈದಳು. ಸಂಜೆಯೇ ಫಣೀಂದ್ರ ಅವರ ಮನೆಗೆ ಹೋಗಿ ಎಲ್ಲ ಕೊಟ್ಟು ಬಂದೆ. "ಅಮ್ಮಾ, ಪಕ್ಕದ ನಕ್ಷತ್ರಗಳನ್ನು ನೋಡಿದ್ದಾಗಿದೆಯೇ?" ಎಂದು ಅವರು ಮೊದಲು ಕೇಳಿದ್ದೇ ಅದು. ಆಗಿದೆ ಅಂದೆ. ಹೊರದೇಶದಲ್ಲಿ ಇಂಥದನ್ನು ಪರೀಕ್ಷಿಸುವವರಿಗೆ ಅವರೇ ಕಳಿಸುತ್ತಾರೆ. ಉತ್ತರಕ್ಕೆ ತಿಂಗಳುಗಳೇ ಬೇಕಂತೆ.

ಪಿಯುಸಿಗೆ ಓದು ನಿಲ್ಲಿಸಿದವಳು ನಾನು. ಅಪ್ಪ ಇದ್ದಿದ್ದರೆ ಏನನ್ನುತ್ತಿದ್ದರೋ.

ನಿನ್ನ ಅಕ್ಕ

*

ದುವ್ವಾಡ
೬ ನವೆಂಬರ್ ೨೦೨೩

ಪ್ರೀತಿಯ ಚಂದ್ರ,

ನಿನ್ನೆ ಇಲ್ಲಿಯ ಕನ್ನಡದವರ ರಾಜ್ಯೋತ್ಸವದಲ್ಲಿ ನನಗೆ ಸನ್ಮಾನ ಮಾಡಿದರು. ಬೇಡ, ಹೊರಗಿನಿಂದ ಉತ್ತರ ಬರಲಿ ಎಂದು ನಾನೂ ಫಣೀಂದ್ರ ಅವರೂ ಹೇಳಿದೆವು. ಯಾರು ಕೇಳುತ್ತಾರೆ? ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟು, ತಲೆಗೊಂದು ಪೇಟವನ್ನೂ ಇಟ್ಟರು. ಪೇಟ ಕಿವಿಯವರೆಗೆ ಇಳಿದು ಎದುರಿನವರು ಕಾಣುತ್ತಿರಲಿಲ್ಲ. ಮಕ್ಕಳು ಗ್ರಹಕ್ಕೆ ಹೇಮಾ ಎಂದು ಹೆಸರಿಟ್ಟಿದ್ದರು. ತೆಲುಗು ಪೇಪರಿನವರೂ ಫೋಟೋ ಹಿಡಿದರು.

ನೀನು ಬರುತ್ತೀ ಅಂದುಕೊಂಡಿದ್ದೆ. ಮುಂದಿನ ಸಾಲಿನಲ್ಲಿ ಒಂದು ಕುರ್ಚಿ ಖಾಲಿ ಇಡಿಸಿದ್ದೆ. ಎರಡನೆಯ ಕಣ್ಣು ನನ್ನ ತಮ್ಮನದು ಎಂದು ಮೈಕಿನಲ್ಲಿ ಹೇಳಿದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಆ ಚಪ್ಪಾಳೆ ನಿನ್ನ ಪಾಲಿನದು, ಇದರೊಂದಿಗೆ ಕಳಿಸಿದ್ದೇನೆ.

ಎರಡು ತಿಂಗಳಿಂದ ಹಾಳೆ ಕಳಿಸಿದರೂ ನೀನು ಬರೆಯುತ್ತಿಲ್ಲ. ಹುಷಾರಾಗಿದ್ದೀಯಷ್ಟೆ?

ಪ್ರೀತಿಯಿಂದ,
ಅಕ್ಕ

*

ಇಬ್ರಾಹಿಂಪಟ್ನಂ
೧೩ ನವೆಂಬರ್ ೨೦೨೩

ಪ್ರೀತಿಯ ಅಕ್ಕನಿಗೆ ನಮಸ್ಕಾರ.

ದೀಪಾವಳಿಯ ಶುಭಾಶಯ. ಹುಷಾರಾಗಿದ್ದೇನೆ. ರಜೆ ಸಿಗಲಿಲ್ಲ, ಅದಕ್ಕೇ ಬರಲಾಗಲಿಲ್ಲ.

ಒಂದು ಮಾತು. ಫಣೀಂದ್ರ ಅವರು ನೆರೆಯ ನಕ್ಷತ್ರಗಳನ್ನು ತಾವೂ ಒಮ್ಮೆ ನೋಡಿದ್ದಾರೆಯೇ? ನೋಡಿದರೆ ಒಳ್ಳೆಯದು ಅನಿಸುತ್ತದೆ. ಸುಮ್ಮನೆ ಹೇಳಿದೆ.

ಚಂದ್ರ

*

ದುವ್ವಾಡ
೧೧ ಡಿಸೆಂಬರ್ ೨೦೨೩

ಪ್ರೀತಿಯ ಚಂದ್ರ,

ಗ್ರಹ ಇಲ್ಲ. ಶುಕ್ರವಾರ ಉತ್ತರ ಬಂತು. ಫಣೀಂದ್ರ ಅವರು ಫೋನ್ ಮಾಡದೆ ತಾವೇ ಮನೆಗೆ ಬಂದು ಹೇಳಿದರು. ನೆರೆಯ ನಾಲ್ಕನೆಯದು ಒಂದು ನಕ್ಷತ್ರ ಅಲ್ಲವೇ ಅಲ್ಲವಂತೆ. ಎರಡು ನಕ್ಷತ್ರಗಳು ಒಂದನ್ನೊಂದು ಸುತ್ತುತ್ತಾ ಆಗಾಗ ಒಂದು ಇನ್ನೊಂದನ್ನು ಮುಚ್ಚುತ್ತವೆ. ಅದರ ನೆರಳೇ ನಮ್ಮ ಹಾಳೆಯಲ್ಲಿ ಬಿದ್ದದ್ದು. ಮೂರು ಸಲ, ಅದೇ ಹೊತ್ತಿಗೆ.

ಭಾನುವಾರ ಕಾಲೇಜಿನಲ್ಲಿ ನನ್ನ ಭಾಷಣ ಇಟ್ಟಿದ್ದರು. ಕಾರ್ಡು ಹಂಚಿ ಆಗಿತ್ತು. ಹೋಗಿ ಇದ್ದದ್ದು ಇದ್ದಹಾಗೆ ಹೇಳಿ ಬಂದೆ. ನಮ್ಮ ಎದುರು ಮನೆಯ ಸೀತಾಮಹಾಲಕ್ಷ್ಮಿ ಇವತ್ತು ಬೆಳಿಗ್ಗೆ ಗೇಟಿನಲ್ಲಿ ನಿಂತು, "ಏಮಂಡಿ, ಮೀ ಗ್ರಹಂ ಎಕ್ಕಡಿಕಿ ಪೋಯಿಂದಿ?" ಎಂದು ನಗುತ್ತಾ ಕೇಳಿದಳು. ನಿಮ್ಮ ಗ್ರಹ ಎಲ್ಲಿಗೆ ಹೋಯಿತು ಎಂದು. ತಮಾಷೆಗೆ ಕೇಳಿದ್ದು, ಕೆಟ್ಟವಳಲ್ಲ. ನಾನು ಮಾತ್ರ ಹಾಲಿನ ಪ್ಯಾಕೆಟ್ ಹಿಡಿದುಕೊಂಡು ಒಳಗೆ ಬಂದು ಬಾಗಿಲು ಹಾಕಿಕೊಂಡೆ.

ನಿನ್ನ ಹೆಸರನ್ನೂ ಮೈಕಿನಲ್ಲಿ ಹೇಳಿ ನಗೆಪಾಟಲಿಗೆ ತಂದೆ. ಕ್ಷಮಿಸು. ನನ್ನ ಕಣ್ಣೇ ತಪ್ಪಿತು ಚಂದ್ರ.

ಅದಕ್ಕಿಂತ ದೊಡ್ಡದೊಂದು ತಲೆಗೆ ಹತ್ತಿ ಕೂತಿದೆ. ಕಾಗದದ ಮೇಲೆ ಇಲ್ಲದ್ದನ್ನು ಕಂಡವಳು ಇದ್ದದ್ದನ್ನು ಎಷ್ಟು ಸಲ ಕಾಣದೆ ಬಿಟ್ಟಿರಬಹುದು? ೨೦೦೯ರಲ್ಲಿ ಬಾಬ್ಜಿ ಅಂತ ಬಂದರಿನ ಲಾರಿ ಡ್ರೈವರ್ ಒಬ್ಬ ಬಂದಿದ್ದ. ಎದೆ ಉರಿ ಅಂದ. ಗೆರೆ ತೆಗೆದೆ. ವಿಶೇಷವೇನಿಲ್ಲ ಎಂದು ಹೇಳಿಯೇ ಡಾಕ್ಟರ ಕೈಗೆ ಕೊಟ್ಟೆ. ಮನೆಗೆ ಕಳಿಸಿದರು. ಮೂರನೇ ದಿನ ಸ್ಟೀರಿಂಗಿನ ಮೇಲೆ ತಲೆಯಿಟ್ಟು ಹೋಗಿಬಿಟ್ಟ. ಹದಿನಾಲ್ಕು ವರ್ಷ ನೆನಪಾಗದವನು ಈಗ ದಿನಾ ಬರುತ್ತಾನೆ.

ಇನ್ನು ಹಾಳೆ ಕಳಿಸುವುದಿಲ್ಲ. ಡಿವೈಡರನ್ನು ಅಟ್ಟಕ್ಕೆ ಹಾಕಿಸಿದೆ.

ಹೇಮಾಕ್ಷಿ

*

ದುವ್ವಾಡ
೮ ಜನವರಿ ೨೦೨೪

ಮಾವಯ್ಯ,

ನಮಸ್ಕಾರ. ನನ್ನ ಕನ್ನಡ ತಪ್ಪು ಇದ್ದರೆ ನಗಬೇಡಿ, ಬರೆದು ತುಂಬ ವರ್ಷ ಆಯ್ತು. ನೀವು ಫೋನ್ ಎತ್ತುತ್ತಾ ಇಲ್ಲ, ಅದಕ್ಕೆ ಕಾಗದ.

ಅಮ್ಮ ಸರಿಗ್ಗಾ ತಿನ್ನುವುದಿಲ್ಲ. ಹಳೆಯ ಆಸ್ಪತ್ರೆ ಡೈರಿಗಳು ತೆಗೆದು ಒಂದೊಂದೇ ಹೆಸರು ಓದ್ತಾ ಕೂತಿರ್ತಾಳೆ. ಕಣ್ಣಿನ ಡಾಕ್ಟರ್ ಹತ್ರ ಕರ್ಕೊಂಡು ಹೋದೆ. ಕಣ್ಣು ಚಾಲಾ ಚೆನ್ನಾಗಿದೆ, ಈ ವಯಸ್ಸಿಗೆ ಇಷ್ಟು ಒಳ್ಳೆ ಕಣ್ಣು ನಾನು ನೋಡಿಲ್ಲ ಅಂದ್ರು. ಅಮ್ಮ ನಂಬಲಿಲ್ಲ.

ಒಂದು ವಿಷಯ ನಿಮಗೆ ಗೊತ್ತಿದೆಯೋ ಇಲ್ಲವೋ. ಆ ಭಾನುವಾರ ಕಾಲೇಜಿನಲ್ಲಿ ಒಬ್ಬ ಸ್ಟೂಡೆಂಟ್ ಎದ್ದು, ಪಕ್ಕದ ಸ್ಟಾರ್ಸ್ ಯಾರು ಚೆಕ್ ಮಾಡಿದ್ದು ಅಂತ ಕೇಳಿದ. ಅಮ್ಮ ಹೇಳಿದಳು, "ನಾನೇ. ತಪ್ಪು ನನ್ನದೇ." ನಿಮ್ಮ ಹೆಸರು ತೆಗೀಲಿಲ್ಲ. ಆದರೆ ಆ ಐದು ಹಾಳೆ ನಾನೇ ಪ್ರಿಂಟ್ ಮಾಡಿ ನಿಮಗೆ ಕವರಿನಲ್ಲಿ ಹಾಕಿದ್ದು. ಮನೆಯಲ್ಲಿ ಕಾಪಿ ಇರಲೇ ಇಲ್ಲ.

ನಾನು ಏನೂ ಕೇಳುವುದಿಲ್ಲ ಮಾವಯ್ಯ. ನೀವು ಒಂದ್ಸಲ ಅಮ್ಮನ ಹತ್ರ ಮಾತಾಡಿ.

ನಿಮ್ಮ
ಅಮೂಲ್ಯಾ

*

ಇಬ್ರಾಹಿಂಪಟ್ನಂ
೧೮ ಜನವರಿ ೨೦೨೪

ಅಕ್ಕಾ,

ಇದು ಐದನೆಯ ಸಲ ಬರೆಯುತ್ತಿರುವುದು. ನಾಲ್ಕು ಹರಿದು ಹಾಕಿದೆ. ನಾಚಿಕೆಯಿಂದ ಕೈ ಓಡುವುದಿಲ್ಲ. ಆದರೂ ಇವತ್ತು ಮುಗಿಸಿಯೇ ಏಳುತ್ತೇನೆ.

ನಿನ್ನ ಕಣ್ಣು ತಪ್ಪಲಿಲ್ಲ. ನೆರೆಯ ಐದು ಹಾಳೆಗಳನ್ನು ನಾನು ನೋಡಲೇ ಇಲ್ಲ. ಅಮೂಲ್ಯಾ ಹೊಡೆದ ಪಿನ್ನನ್ನೂ ಬಿಚ್ಚಿರಲಿಲ್ಲ. ನಮ್ಮ ನಕ್ಷತ್ರದ ಹಾಳೆಯನ್ನಾದರೂ ನೋಡಿದೆನೇ ಎಂದರೆ, ನೋಡಿದೆ, ಏನೂ ಕಾಣಲಿಲ್ಲ. ಸೋಮವಾರ ಕಾಗದ ಬರೆಯಬೇಕಾದವನು ಬರೆಯಲಿಲ್ಲ. ನಿನ್ನದು ಬರಲಿ ಎಂದು ಕಾದೆ. ಗುರುವಾರ ಬಂತು. ಒಡೆದು ಓದಿ, ನೀನು ಬರೆದದ್ದನ್ನೇ ನನ್ನ ಕಾಗದಕ್ಕೆ ಇಳಿಸಿ, ಮೇಲೆ ಏಳನೇ ತಾರೀಕು ಹಾಕಿ ಮರುದಿನ ಅಂಚೆಗೆ ಹಾಕಿದೆ. ನೆರೆಯವೆಲ್ಲ ಸಮತಟ್ಟು ಎಂದು ಬರೆಯಲು ಅರ್ಧ ನಿಮಿಷವೂ ಹಿಡಿಯಲಿಲ್ಲ.

ಯಾಕೆ ಎಂದು ಕೇಳುತ್ತೀ. ಜುಲೈಯಲ್ಲಿ ನಾನು ಪ್ರಾಮಾಣಿಕವಾಗಿಯೇ ನೋಡಿದ್ದೆ. ಆಮೇಲೆ ನೀನು ಕೆಂಪು ಸುತ್ತು ಹಾಕಿದ ತಗ್ಗನ್ನು ಕಂಡಾಗ ಕಿವಿ ಬಿಸಿಯಾಯಿತು. ಮನೆಯಲ್ಲಿ ಇಂಜಿನಿಯರ್ ಅಂತ ಇದ್ದದ್ದು ನಾನೊಬ್ಬ. ನಾನು ಓದಲೆಂದು ನಿನ್ನ ಓದು ನಿಂತದ್ದು ನನಗೆ ಗೊತ್ತಿಲ್ಲವೇ? ಅಂಥ ನಿನಗೆ ಕಂಡದ್ದು ನನಗೆ ಕಾಣಲಿಲ್ಲ ಎಂದು ಇನ್ನೊಮ್ಮೆ ಬರೆದುಕೊಡಲು ಮನಸ್ಸಾಗಲಿಲ್ಲ. ಇಷ್ಟೇ ಕಾರಣ. ಎಷ್ಟು ಸಣ್ಣದು ನೋಡು.

ಇದು ಹೊಸ ಚಾಳಿಯೂ ಅಲ್ಲ. ಮೊದಲ ಕೆಲಸ ಒಂದು ಸಕ್ಕರೆ ಕಾರ್ಖಾನೆಯಲ್ಲಿ, ನಿನಗೆ ನೆನಪಿರಬಹುದು, ಅದು ಮುಚ್ಚಿಹೋಗಿ ಯಾವ ಕಾಲವಾಯಿತು. ಗಂಟೆಗೊಮ್ಮೆ ಬಾಯ್ಲರಿನ ಮೆಟ್ಟಿಲು ಹತ್ತಿ ಮೀಟರ್ ನೋಡಿ ಪುಸ್ತಕದಲ್ಲಿ ಬರೆಯಬೇಕಿತ್ತು. ಬಿಸಿಲಿಗೆ ಸಾಕಾಗಿ, ಕೂತಲ್ಲೇ ಹಿಂದಿನ ಗಂಟೆಯ ಅಂಕಿಗೆ ಒಂದು ಸೇರಿಸಿಯೋ ಕಳೆದೋ ಬರೆಯುತ್ತಿದ್ದೆವು. ನನ್ನ ಮೇಲಿನ ಅಧಿಕಾರಿ ರಾಮಮೋಹನ್ ಒಮ್ಮೆ ಪುಸ್ತಕ ನೋಡಿ, "ಏನಯ್ಯಾ, ನಿನ್ನ ರೀಡಿಂಗ್ ನಿಜವಾದ್ದಕ್ಕಿಂತ ಚಂದ ಇದೆಯಲ್ಲ" ಅಂದಿದ್ದರು. ಆಗ ನಕ್ಕುಬಿಟ್ಟಿದ್ದೆ. ನಿನಗೆ ಬರೆದ ಕಾಗದವೂ ಅಷ್ಟೇ ಚಂದವಾಗಿತ್ತು.

ಇನ್ನೂ ಕೆಟ್ಟದ್ದು ಹೇಳಬೇಕು. ದೀಪಾವಳಿಗೆ ಮನೆ ಗುಡಿಸುವಾಗ ಆ ಕಟ್ಟು ಕೈಗೆ ಸಿಕ್ಕಿತು. ಆಗ ಪಿನ್ ಬಿಚ್ಚಿದೆ. ನಾಲ್ಕನೆಯ ಹಾಳೆಯಲ್ಲಿ ತಗ್ಗು ಇತ್ತು ಅಕ್ಕ. ಸಣ್ಣದಲ್ಲ, ಬಾವಿಯ ಹಾಗೆ ನೇರ ಕೆಳಗೆ ಇಳಿದಿತ್ತು, ಮೂರು ಸಲ. ಕನ್ನಡಕವಿಲ್ಲದವನಿಗೂ ಕಾಣುವಂಥದು. ಅದನ್ನು ಕೈಯಲ್ಲಿ ಹಿಡಿದುಕೊಂಡೇ ನಿನಗೆ ಶುಭಾಶಯ ಬರೆದೆ. ಫಣೀಂದ್ರ ಅವರು ನೋಡಲಿ ಎಂದು ಒಂದು ಸಾಲು ಸೇರಿಸಿ ನನ್ನ ಭಾರ ಇಳಿಯಿತು ಅಂದುಕೊಂಡೆ. ಅವತ್ತು ನಿಜ ಹೇಳಿದ್ದರೂ ನೀನು ಆ ಭಾನುವಾರ ಅಷ್ಟು ಜನರ ಎದುರು ನಿಲ್ಲಬೇಕಿರಲಿಲ್ಲ. ಆಮೇಲೆ ನೀನೇ ನನ್ನ ಕ್ಷಮೆ ಕೇಳಿದೆ. ಆ ಕಾಗದವನ್ನು ಒಂದು ತಿಂಗಳು ಜೇಬಿನಲ್ಲಿಟ್ಟುಕೊಂಡು ಡ್ಯೂಟಿಗೆ ಹೋದೆ. ನನ್ನನ್ನು ಉಳಿಸಲು ನೀನು ಎಲ್ಲರೆದುರು ಸುಳ್ಳು ಹೇಳಿದೆ ಎಂದು ಅಮೂಲ್ಯಾಳಿಂದ ಗೊತ್ತಾಯಿತು. ಅವಳ ಕಾಗದ ಓದಿದ ಮೇಲೆ ಕನ್ನಡಿ ನೋಡಿ ಶೇವ್ ಮಾಡಿಕೊಳ್ಳುವುದೂ ಕಷ್ಟವಾಗಿದೆ.

ಡೈರಿಗಳನ್ನು ಎತ್ತಿಡು ಅಕ್ಕ. ಬಾಬ್ಜಿಯ ವಿಷಯದಲ್ಲಿ ನಿನ್ನ ಕಣ್ಣನ್ನು ಅನುಮಾನಿಸಲು ನನ್ನ ಕಳ್ಳತನ ಕಾರಣವಾಗಬಾರದು. ನಾನು ಬಂದು ಎಲ್ಲರೆದುರು, ಆ ಕಾಲೇಜಿನಲ್ಲಿಯೂ, ನಡೆದದ್ದು ಹೇಳುತ್ತೇನೆ. ಕ್ಷಮಿಸು ಎಂದು ಕೇಳಲು ಮುಖವಿಲ್ಲ, ಆದರೂ ಕೇಳುತ್ತಿದ್ದೇನೆ.

ಚಂದ್ರಹಾಸ

*

ದುವ್ವಾಡ
೫ ಫೆಬ್ರವರಿ ೨೦೨೪, ಸೋಮವಾರ

ಚಂದ್ರ,

ನಿನ್ನ ಕಾಗದ ಬಂದು ಎರಡು ವಾರವಾಯಿತು. ಮೊದಲು ಸಿಟ್ಟು ಬಂತು. ದೀಪಾವಳಿಯ ವಿಷಯ ಓದಿದಾಗ ತುಂಬಾ ಬಂತು, ಸುಳ್ಳು ಹೇಳುವುದಿಲ್ಲ. ಎರಡು ದಿನ ನಿನ್ನ ಹೆಸರೆತ್ತಿದರೆ ಅಮೂಲ್ಯಾಳ ಮೇಲೆ ಹರಿಹಾಯ್ದೆ. ಆಮೇಲೆ ಸಿಟ್ಟು ನಿಲ್ಲಲಿಲ್ಲ. ಯಾಕೆ ನಿಲ್ಲಲಿಲ್ಲ ಎನ್ನುವುದನ್ನು ಹೇಳದೆ ನಿನ್ನನ್ನು ಕ್ಷಮಿಸಿದರೆ ಅದೂ ಒಂದು ಮೋಸ.

ನಾನು ನಿನ್ನನ್ನು ಉಳಿಸಲು ಸುಳ್ಳು ಹೇಳಿದೆ ಅಂದುಕೊಂಡಿದ್ದೀ. ಹಾಗೆ ಅಂದುಕೊಂಡು ಇನ್ನಷ್ಟು ಕುಗ್ಗಿದ್ದೀ. ತಪ್ಪು ನನ್ನದೇ ಎಂದು ನಾನು ಅಲ್ಲಿ ಹೇಳಿದ್ದು ಸುಳ್ಳಲ್ಲ.

ಆಗಸ್ಟ್ ಹದಿನಾಲ್ಕರಂದು ಪೋಸ್ಟ್‌ಮ್ಯಾನ್ ಅನಿಲ್‌ಕುಮಾರ್ ನಿನ್ನ ಲಕೋಟೆ ಕೊಟ್ಟಾಗ ಗೇಟಿನಲ್ಲೇ ನಿಂತು ಒಡೆದೆ. ಒಳಗೆ ಏಳನೇ ತಾರೀಕು. ಹೊರಗೆ ಅಂಚೆ ಠಸ್ಸೆಯಲ್ಲಿ ಹನ್ನೊಂದು. ನನ್ನ ಕಾಗದ ನಿನಗೆ ಹತ್ತಕ್ಕೆ ಸಿಕ್ಕಿರುತ್ತದೆ ಎಂದು ಬೆರಳು ಮಡಚಿ ಎಣಿಸಿದೆ. ಮತ್ತೆ ನಿನ್ನ ಸಾಲುಗಳನ್ನು ಓದಿದೆ. ನಾನು ಬರೆದ ಅದೇ ಎಂಟು ದಿನ, ಅದೇ ಹದಿನಾಲ್ಕು ಗಂಟೆ. ಗ್ರಾಫಿನ ಬಗ್ಗೆ ನನಗೆ ಪಾಠ ಹೇಳದ ಕಾಗದ ನಿನ್ನಿಂದ ಎಂದಾದರೂ ಬಂದದ್ದುಂಟೇ? ಎರಡನೆಯ ಕಣ್ಣು ಇರಲಿಲ್ಲ ಎಂದು ಆ ಕ್ಷಣಕ್ಕೇ ಗೊತ್ತಾಯಿತು ಚಂದ್ರ.

ನಿನಗೆ ಒಂದು ಫೋನ್ ಮಾಡಿದ್ದರೆ ಸಾಕಿತ್ತು. ಹಾಳೆಗಳನ್ನು ವಾಪಸು ಕಳಿಸು ಅನ್ನಬಹುದಿತ್ತು. ಅಮೂಲ್ಯಾಳಿಗೆ ಇನ್ನೊಮ್ಮೆ ಪ್ರಿಂಟ್ ತೆಗಿ ಅಂದಿದ್ದರೆ ಹತ್ತು ನಿಮಿಷದ ಕೆಲಸ. ನನಗೆ ಗ್ರಹ ಬೇಕಾಗಿತ್ತು. ಅಂಚೆಯವರು ತಡ ಮಾಡಿದರು ಎಂದು ನಿನಗೆ ಬರೆದು, ಪಾಪದ ಅನಿಲ್‌ಕುಮಾರನ ತಲೆಗೆ ಕಟ್ಟಿ, ಅವತ್ತು ಸಂಜೆಯೇ ಫಣೀಂದ್ರ ಅವರ ಮನೆಗೆ ಓಡಿದೆ. ನೋಡಿದ್ದಾಗಿದೆಯೇ ಎಂದು ಅವರು ಕೇಳಿದಾಗ ಆಗಿದೆ ಅಂದವಳು ನಾನು. ಶಾಲು ಹೊದಿಸುವಾಗ ಬೇಡ ಅಂದೆನಲ್ಲ, ಅದು ವಿನಯ ಅಂದುಕೊಂಡರು ಎಲ್ಲರೂ. ನನಗೆ ಹೆದರಿಕೆಯಾಗಿತ್ತು.

ಡಿಸೆಂಬರಿನಲ್ಲಿ ನಿನಗೆ ಕಣ್ಣು ತಪ್ಪಿತು ಎಂದು ಬರೆದೆ. ವಯಸ್ಸಾಯಿತು, ಕಣ್ಣು ಮಂಜಾಯಿತು ಅಂದರೆ ಜನ ಅಯ್ಯೋ ಅನ್ನುತ್ತಾರೆ. ಕಂಡೂ ಕಾಣದ ಹಾಗೆ ಮಾಡಿದಳು ಎಂದು ಗೊತ್ತಾದರೆ ಏನನ್ನುತ್ತಾರೆ? ಬಾಬ್ಜಿ ದಿನಾ ಬರುವುದೂ ಅದಕ್ಕೇ. ಅವತ್ತು ಅವನ ಗೆರೆಯಲ್ಲಿ ಏನೂ ಇರಲಿಲ್ಲವೋ, ಇದ್ದದ್ದನ್ನು ಊಟದ ಹೊತ್ತಾಯಿತೆಂದು ಬಿಟ್ಟೆನೋ, ಎಷ್ಟು ಡೈರಿ ತಿರುವಿದರೂ ನೆನಪಾಗುತ್ತಿಲ್ಲ. ಅದನ್ನು ನೀನು ಸರಿಮಾಡಲಾರೆ. ನಾನೇ ಹೊತ್ತುಕೊಳ್ಳಬೇಕು.

ನೀನು ಬಾ. ಈ ಭಾನುವಾರವೇ ಬಾ. ಕಾಲೇಜಿಗೆ ಆಮೇಲೆ ಹೋಗೋಣ, ಮೊದಲು ಫಣೀಂದ್ರ ಅವರ ಮನೆಗೆ. ನನ್ನ ಮಾತು ನಂಬಿ ತಮ್ಮ ಹೆಸರಿನಲ್ಲಿ ಕಳಿಸಿದವರು ಅವರು. ನೀನು ನಿನ್ನದು ಹೇಳು, ನಾನು ನನ್ನದು ಹೇಳುತ್ತೇನೆ. ನಿನ್ನದನ್ನು ನಾನು ಹೇಳುವುದು ಬೇಡ, ನನ್ನದನ್ನು ನೀನು ಮುಚ್ಚುವುದೂ ಬೇಡ.

ಆ ಲಕೋಟೆಯನ್ನು ಇಷ್ಟು ದಿನ ಸೀರೆಗಳ ಅಡಿಯಲ್ಲಿ ಇಟ್ಟಿದ್ದೆ. ಇದರ ಜೊತೆ ಕಳಿಸಿದ್ದೇನೆ, ನೋಡು. ಠಸ್ಸೆ ಅರ್ಧ ಅಳಿಸಿದೆ, ತಾರೀಕು ಇರುವೆಯಷ್ಟು ಸಣ್ಣದು. ಅವತ್ತು ಕನ್ನಡಕ ಒಳಗೆ ಮೇಜಿನ ಮೇಲಿತ್ತು. ಕನ್ನಡಕವಿಲ್ಲದೆಯೇ ಓದಿದ್ದೆ ಚಂದ್ರ. ನನ್ನ ಕಣ್ಣಿಗೆ ಏನೂ ಆಗಿರಲಿಲ್ಲ.

ನಿನ್ನ ಅಕ್ಕ,
ಹೇಮಾಕ್ಷಿ